ಒಸಾಕಾಕ್ಕೆ ಹೊರಟ ಮೂಗು

ಗೆಳತಿ ಐರಿನ್,

ವೀಸಾ ಬಂತು ಕಣೇ! ನಿನ್ನೆ ಪಾಸ್‌ಪೋರ್ಟ್ ಕೈಗೆ ಸಿಕ್ಕಿದ್ದೇ ತಡ, ಕಾರು ಹತ್ತುವಷ್ಟೂ ತಾಳ್ಮೆಯಿಲ್ಲದೆ ರಸ್ತೆಬದಿಯಲ್ಲೇ ನಿಂತು ಪುಟ ತಿರುವಿದೆ. ನನ್ನ ಹೆಸರಿದೆ, ಜಪಾನ್ ಎಂದಿದೆ. ಪಕ್ಕದಲ್ಲಿ ಜೋಳ ಸುಡುತ್ತಿದ್ದ ಹೆಂಗಸಿಗೆ ಸುಮ್ಮಸುಮ್ಮನೆ "ಅಸಾಂಟೆ ಸಾನಾ" ಎಂದು ಥ್ಯಾಂಕ್ಸ್ ಹೇಳಿ ಕೈಮುಗಿದುಬಿಟ್ಟೆ. ಅವಳು ಜೋಳ ಕಟ್ಟಿಕೊಟ್ಟಳು. ನೀನು ಹೋಗಿ ಎರಡು ವರ್ಷವಾಯಿತು, ನಾನು ಒಂದು ಸಾಲೂ ಬರೆದಿರಲಿಲ್ಲ. ಅಳುತ್ತಾ ಬರೆಯುವುದಾಗಿದ್ದರೆ ಯಾವತ್ತೋ ಬರೆಯಬಹುದಿತ್ತು. ಅಂಥ ಪತ್ರವನ್ನು ನೀನು ಅರ್ಧಕ್ಕೇ ಮಡಚಿಡುವವಳು. ಗೆದ್ದ ಮೇಲೆ ಬರೆಯೋಣ ಎಂದು ಕಾದೆ. ಈಗ ಗೆದ್ದಿದ್ದೇನೆ. ಜಂಬ ಕೊಚ್ಚಿಕೊಳ್ಳುವುದಕ್ಕೆ ನಿನ್ನನ್ನು ಬಿಟ್ಟರೆ ನನಗೆ ಇನ್ಯಾರಿದ್ದಾರೆ?

ನಮ್ಮ ಶಾಲೆಯ ಸ್ಟಾಫ್ ರೂಮಿನಲ್ಲಿ ಕಿಟಕಿ ಪಕ್ಕದ ಆ ಮೇಜು ನೆನಪಿದೆಯಲ್ಲ? ನಾನು ಗಣಿತದ ಉತ್ತರಪತ್ರಿಕೆ ತಿದ್ದುತ್ತಿದ್ದೆ. ನೀನು ಬಯಾಲಜಿಯ ಕಟ್ಟನ್ನು ಪಕ್ಕಕ್ಕೆ ತಳ್ಳಿ ಫೋನಿನಲ್ಲಿ ಒಸಾಕಾದ ಬೀದಿ ತಿಂಡಿಗಳನ್ನು ನೋಡುತ್ತಿದ್ದೆ. ಗುಳಿಗುಳಿಯಾಗಿದ್ದ ಕಾವಲಿಗೆ ಹಿಟ್ಟು ಹುಯ್ದು, ಒಬ್ಬ ಅಜ್ಜ ಎರಡು ಕಡ್ಡಿ ಹಿಡಿದು ಟಕಟಕ ಉಂಡೆ ತಿರುಗಿಸುತ್ತಿದ್ದ.

"ಅಯ್ಯೋ, ಇದು ನಮ್ಮ ಪಡ್ಡು ಕಣೇ!" ಎಂದೆ ನಾನು.

"ಪಡ್ಡು ಅಂತೆ! ಒಳಗೆ ಎಂತ ಉಂಟು ಅಂತ ನೋಡು ಮಾರಾಯ್ತಿ. ಆಕ್ಟೋಪಸ್! ನನಗೆ ಇದು ಬೇಕೇ ಬೇಕು. ಸಾಯುವ ಮೊದಲು ಆ ಅಜ್ಜನ ಅಂಗಡಿ ಎದುರು ನಿಂತು ಬಿಸಿಬಿಸಿ ತಿನ್ಬೇಕು."

ಅದೇ ವಿಡಿಯೊದ ಕೊನೆಯಲ್ಲಿ ಅಲ್ಲಿನ ಬೊಂಬೆಯಾಟದ ಒಂದು ತುಣುಕು ಬಂತು. ಒಂದೇ ಬೊಂಬೆಯನ್ನು ಮೂರು ಜನ ಸೇರಿ ಆಡಿಸುತ್ತಿದ್ದರು, ಅದು ತಲೆ ತಗ್ಗಿಸಿ ಅಳುವುದನ್ನು ನಿನ್ನ ಫೋನ್ ಕಿತ್ತುಕೊಂಡು ಇನ್ನೊಮ್ಮೆ ನೋಡಿದೆ. ನನಗೆ ಇದು ಬೇಕು ಎಂದೆ ನಾನು. ಅಲ್ಲಿಂದ ಶುರುವಾಯಿತು ನಮ್ಮ ಚೌಕಾಸಿ. ಒಂದು ಬೊಂಬೆಯಾಟಕ್ಕೆ ಒಂದು ಊಟ ಎಂದು ನಾನು, ನಾಲ್ಕು ಎಂದು ನೀನು. ಕೊನೆಗೆ ನೀನು ಮೂರಕ್ಕೆ ಇಳಿದೆ. ಯಾರೋ ಬರೆಯದೆ ಬಿಟ್ಟಿದ್ದ ಉತ್ತರಪತ್ರಿಕೆಯ ಖಾಲಿ ಹಾಳೆಗಳಲ್ಲಿ ಒಂಬತ್ತು ದಿನದ ಪ್ರವಾಸ ಬರೆದೆವು. ನಿನ್ನ ಊಟಗಳಿಗೆಲ್ಲ ಕೆಂಪು ಶಾಯಿ, ನನ್ನ ಬೊಂಬೆ, ಕೋಟೆ, ದೇವಸ್ಥಾನಗಳಿಗೆ ನೀಲಿ. ಎಷ್ಟು ಕೆಂಪಾಗಿತ್ತು ಆ ಹಾಳೆ!

ನಿನ್ನ ಜೊತೆ ಎಲ್ಲಿಗೆ ಹೋದರೂ ನನ್ನ ತಟ್ಟೆಯ ಮೊದಲ ತುತ್ತು ನಿನ್ನದಾಗಿತ್ತು. ಮೈಸೂರಿನ ಪುಳಿಚಾರು ಹೆಂಗಸು ನಾನು, ಮೊಟ್ಟೆ ಕಂಡರೂ ಮಾರುದೂರ. ಮೀನು ಹುರಿಯದಿದ್ದರೆ ಭಾನುವಾರವೇ ಆಗದ ಮಂಗಳೂರಿನ ಕ್ರಿಶ್ಚಿಯನ್ ಮನೆಯವಳು ನೀನು. ಆ ಬೀಳ್ಕೊಡುಗೆ ಪಾರ್ಟಿಯಲ್ಲಿ ಏನಾಯಿತು ನೆನಪಿಸಿಕೋ. ಬಡಿಸುವವನು ವೆಜಿಟೇರಿಯನ್ ಎಂದು ಆಣೆಯಿಟ್ಟು ಹೇಳಿದ ಫ್ರೈಡ್ ರೈಸ್‌ಗೆ ನೀನು ಚಮಚ ಹಾಕಿ, ಮೂಸಿ, ಪ್ರಿನ್ಸಿಪಾಲರ ಎದುರೇ "ಪದ್ಮಾ, ಕೆಳಗಿಡು, ಇದರಲ್ಲಿ ಚಿಪ್ಪಿನ ಸಾಸ್ ಉಂಟು" ಎಂದು ಕೂಗಿದ್ದೆ. ಇಪ್ಪತ್ತೆರಡು ವರ್ಷ ಈ ನೈರೋಬಿಯಲ್ಲಿ ನಾನು ಹೊರಗೆ ಉಂಡದ್ದೆಲ್ಲ ನಿನ್ನ ಮೂಗಿನ ಭರವಸೆಯಲ್ಲಿ. ನಾನೋ, ನಿನ್ನ ಮನೆ ಗೇಟಿನಲ್ಲೇ ದುಪಟ್ಟಾ ಮೂಗಿಗೆ ಏರಿಸುತ್ತಿದ್ದೆ. "ಮೂಗನ್ನು ಗೇಟಿನ ಅಸ್ಕರಿ ಹತ್ತಿರ ಕೊಟ್ಟು ಬಾ, ಹೋಗುವಾಗ ತಕ್ಕೊಂಡು ಹೋಗು" ಎನ್ನುತ್ತಿದ್ದೆ ನೀನು. ಪಾಪ, ಆ ಕಾವಲುಗಾರ ನಾವು ಯಾಕೆ ನಗುತ್ತೇವೆಂದು ತಿಳಿಯದೆ ತಾನೂ ನಗುತ್ತಿದ್ದ. ನಿನಗೆ ಬೇಜಾರಾಗುತ್ತಿತ್ತೇ, ಐರಿನ್? ಒಂದು ಸಲವೂ ಕೇಳಲಿಲ್ಲ ನಾನು.

ಕೊನೆಗೆ ಆಸ್ಪತ್ರೆಯಲ್ಲಿ ಮಲಗಿದ್ದಾಗ ಒಂದು ಮಧ್ಯಾಹ್ನ ನೀನು ನಮ್ಮ ಪ್ರವಾಸದ ಹಾಳೆ ತರಲು ಹೇಳಿದೆ. ನಾನು ತಂದುಕೊಟ್ಟೆ. ಕೆಂಪು ಸಾಲುಗಳನ್ನೆಲ್ಲ ನನ್ನಿಂದ ಒಂದೊಂದಾಗಿ ಓದಿಸಿಕೊಂಡೆ. ಆಮೇಲೆ ಹೇಳಿದೆ, "ನನಗೆ ಬರ್ಲಿಕ್ಕೆ ಆಗುವುದಿಲ್ಲ. ನೀನು ಹೋಗು." ನಾನು ಎಂದಿನಂತೆ ಸುಳ್ಳು ಹೇಳಿದೆ, ಇಬ್ರೂ ಹೋಗೋಣ, ಮುಂದಿನ ಏಪ್ರಿಲ್ ರಜಕ್ಕೇ ಹೋಗೋಣ ಅಂತ. ನೀನು ನನ್ನ ಕೈ ಚಿವುಟಿದೆ. "ಕೇಳು. ಆ ಅಜ್ಜನ ಅಂಗಡಿ ಎದುರು ನಿಂತುಕೊ. ತಿನ್ನುವುದು ಬೇಡ, ನಿನ್ನ ಜಾತಿ ಕೆಡುವುದು ಬೇಡ. ಮೂಗು ಮುಚ್ಚದೆ ನಿಂತುಕೊ, ಅಷ್ಟೇ. ವಾಸನೆ ಹೇಗಿತ್ತು ಅಂತ ಬಂದು ನನಗೆ ಹೇಳು. ನಿನ್ನಿಂದ ಆದೀತಾ?" ಆಗುತ್ತದೆ ಎಂದೆ. ಹೇಳುವಾಗ ನನಗೇ ನಂಬಿಕೆಯಿರಲಿಲ್ಲ.

ಇನ್ನೊಂದು ವಿಷಯ ಹೇಳಬೇಕು, ಕೂಗಾಡಬಾರದು. ನಿನ್ನ ಮಗಳು ರಿಯಾ ಮೀನು ಬಿಟ್ಟಿದ್ದಾಳೆ. ಮಾಂಸವನ್ನೂ. ಯೂನಿವರ್ಸಿಟಿಗೆ ಸೇರಿದ ಮೊದಲ ವರ್ಷವೇ ಬಿಟ್ಟಳು. ನಾನೇನೂ ಹೇಳಿಕೊಟ್ಟಿಲ್ಲ, ನಿನ್ನಾಣೆ! ಈ ವರ್ಷದ ಆರಂಭದಲ್ಲಿ ಸೌತ್ ಸಿ ಬಡಾವಣೆಯ ನಮ್ಮ ಮನೆಗೆ ಬಂದು ಆ ಹಾಳೆಯನ್ನು ನೋಡಿದಳು. ತುಂಬಾ ಹೊತ್ತು ನಿನ್ನ ಕೆಂಪು ಅಕ್ಷರದ ಮೇಲೆ ಬೆರಳಾಡಿಸಿ, "ಆಂಟಿ, ಐ ವಿಲ್ ಟೇಕ್ ಮಮ್ಮೀಸ್ ಸೀಟ್" ಎಂದಳು. ನಾನು ಕನ್ನಡದಲ್ಲಿ ಅತ್ತೆ, ಅವಳು ಇಂಗ್ಲಿಷಿನಲ್ಲಿ ಸಮಾಧಾನ ಮಾಡಿದಳು.

ಆದರೆ ಹೊರಡುವುದು ಹೇಗೆ? ಓದುತ್ತಾ ಹೋದಂತೆ ಗೊತ್ತಾಯಿತು, ಆ ಊರಿನಲ್ಲಿ ಮೀನು ತಟ್ಟೆಯಲ್ಲಿ ಕಾಣಿಸುವುದಕ್ಕಿಂತ ನೀರಿನಲ್ಲಿ ಕರಗಿರುವುದೇ ಹೆಚ್ಚು. ಒಣಮೀನು ಕುದಿಸಿ ಸೋಸಿದ ನೀರೇ ಅವರ ಸಾರಿಗೂ ನೂಡಲ್ಸಿಗೂ ಅಡಿಪಾಯ. ಸೋಸಿ ಮೀನನ್ನು ತೆಗೆದ ಮೇಲೆ ಅವರ ಪಾಲಿಗೆ ಅದು ಬರೀ ಸಾರು. ಬರೀ ಸಮುದ್ರದ ಸೊಪ್ಪಿನಿಂದ ಮಾಡುವ ಸಾರೂ ಇದೆಯಂತೆ, ಅದನ್ನು ನಾವು ಉಣ್ಣಬಹುದು. ಎರಡೂ ಬಟ್ಟಲಲ್ಲಿ ಒಂದೇ ಬಣ್ಣ. ಇಬ್ಬರು ಪುಳಿಚಾರುಗಳು, ಮೂಸಿ ಹೇಳಲು ನೀನಿಲ್ಲ. ನಮ್ಮ ಯಜಮಾನರು ಪೇಪರಿನಿಂದ ತಲೆಯೆತ್ತದೆ, "ಒಂದು ಚೀಲ ಅವಲಕ್ಕಿ, ಒಂದು ಡಬ್ಬ ಚಟ್ನಿಪುಡಿ ಕಟ್ಕೊಂಡು ಹೋಗೇ, ಮುಗೀತಲ್ಲ" ಎಂದರು. ಒಂಬತ್ತು ದಿನ ಹೋಟೆಲ್ ರೂಮಿನಲ್ಲಿ ಅವಲಕ್ಕಿ ಮುಕ್ಕುವುದಕ್ಕೆ ಒಸಾಕಾ ಏಕೆ, ಸೌತ್ ಸಿ ಸಾಲದೇ? ನಿನ್ನ ಕೆಂಪು ಸಾಲುಗಳ ಮೇಲೆ ಅವಲಕ್ಕಿ ಸುರಿಯಲು ನನಗೆ ಮನಸ್ಸು ಬರಲಿಲ್ಲ. ಮೂಗಿಲ್ಲದಿದ್ದರೆ ಮೂಗು ಬೆಳೆಸಿಕೊಳ್ಳಬೇಕು ಎಂದು ಹಟ ಹಿಡಿದೆ.

ಯಾರ ಹತ್ತಿರ ಕಲಿತೆ ಗೊತ್ತೇ? ಅಚಿಯೆಂಗ್ ಹತ್ತಿರ. ನಮ್ಮ ಮನೆಗೆಲಸದ ಅಚಿಯೆಂಗ್, ನೀನು ಬಂದಾಗಲೆಲ್ಲ ಒಣಮೀನಿನ ವಿಷಯ ಮಾತಾಡುತ್ತಾ ಗಂಟೆಗಟ್ಟಲೆ ಕೂರುತ್ತಿದ್ದೆಯಲ್ಲ, ಅವಳೇ. ಕಿಸುಮು ಊರಿನ ಕಡೆ ದೊಡ್ಡ ಸರೋವರದ ದಂಡೆಯಲ್ಲಿ ಹುಟ್ಟಿದವಳು, ಒಮೆನಾ ಎನ್ನುವ ಸಣ್ಣ ಒಣಮೀನು ತಿಂದು ಬೆಳೆದವಳು. ಹನ್ನೊಂದು ವರ್ಷದಿಂದ ನಮ್ಮ ಹಿತ್ತಲ ಕೋಣೆಯಲ್ಲಿದ್ದಾಳೆ. ಮೀನು ಬೇಯಿಸುವಾಗ ಕಿಟಕಿ ಮುಚ್ಚಬೇಕು ಎಂದು ಬಂದ ಮೊದಲ ದಿನವೇ ಹೇಳಿದ್ದೆ. ಹನ್ನೊಂದು ವರ್ಷ ಹೊಗೆಯಲ್ಲಿ ಕೂತು ಉಂಡಿದ್ದಾಳೆ ಐರಿನ್, ಬಾಯಿಬಿಟ್ಟು ಒಂದು ಮಾತು ಹೇಳದೆ. ನೀನು ಒಮ್ಮೆ ಹೇಳಲು ಹೊರಟಿದ್ದೆ, ನಾನು ಮಾತು ತಿರುಗಿಸಿದ್ದೆ. ಅದೇ ನಾನು ಹೋಗಿ ಅವಳ ಬಾಗಿಲಲ್ಲಿ ನಿಂತು, ಒಮೆನಾ ಕುದಿಸು, ನನಗೆ ಮೂಸಿಸು ಎಂದರೆ ಹೇಗಿರಬೇಡ! ಅವಳು ನನ್ನ ಹಣೆ ಮುಟ್ಟಿ ನೋಡಿದಳು. "ಮಾಮಾ, ಉಕೊ ಸವಾ?" ಎಂದಳು. ಅಮ್ಮಾ, ಹುಷಾರಾಗಿದ್ದೀಯಾ ಅಂತ. ನಾನು ಮಾಡಿದ ಮೊದಲ ಕೆಲಸ, ಆ ಕಿಟಕಿ ತೆರೆದದ್ದು. ತುಕ್ಕು ಹಿಡಿದಿತ್ತು, ಇಬ್ಬರೂ ಸೇರಿ ತಳ್ಳಬೇಕಾಯಿತು.

ಮೊದಲ ಪರೀಕ್ಷೆಯ ಕಥೆ ಕೇಳು. ಚೈನೀಸ್ ಅಂಗಡಿಯಿಂದ ಸಮುದ್ರದ ಸೊಪ್ಪು ತಂದು ಒಂದು ಲೋಟದಲ್ಲಿ ನೆನೆಸಿಟ್ಟಿದ್ದೆ, ಇನ್ನೊಂದರಲ್ಲಿ ಅವಳ ಮೀನುನೀರು. ಕಣ್ಣಿಗೆ ನನ್ನದೇ ದುಪಟ್ಟಾ ಕಟ್ಟಿದಳು. ನಾನು ಸೊಪ್ಪಿನ ಲೋಟ ಮೂಸಿ, ಥೂ ಮೀನು ಎಂದು ತಳ್ಳಿದೆ. ಮೀನಿನ ಲೋಟ ಮೂಸಿ, ಇದು ಪರವಾಗಿಲ್ಲ, ಶುದ್ಧ ಎಂದು ಸರ್ಟಿಫಿಕೇಟ್ ಕೊಟ್ಟೆ. ಅಚಿಯೆಂಗ್ ನಕ್ಕು ನಕ್ಕು ನೆಲಕ್ಕೇ ಕೂತಳು. ಹುಟ್ಟಿದಾಗಿನಿಂದ ಮೂಗು ಮುಚ್ಚಿಕೊಂಡವಳಿಗೆ ಸಮುದ್ರದ ವಾಸನೆಯೆಲ್ಲ ಮೀನೇ, ಮೀನು ಯಾವುದೆಂದು ಮಾತ್ರ ಗೊತ್ತಿಲ್ಲ. ಒಸಾಕಾದಲ್ಲಿ ಹೀಗೆ ಮಾಡಿದ್ದರೆ ತಿನ್ನಬಹುದಾದ್ದನ್ನು ಬಿಟ್ಟು, ಬಿಡಬೇಕಾದ್ದನ್ನು ಚಪ್ಪರಿಸಿ ಬರುತ್ತಿದ್ದೆ.

ಅವಳು ಕಲಿಸಿದ್ದು ಇಷ್ಟು. ಹಬೆಯಾಡುವಾಗ ಮೂಸಬೇಡ, ಬಿಸಿಯಲ್ಲಿ ಎಲ್ಲವೂ ಒಂದೇ. ಆರಲಿ. ಒಂದು ಸಲ ಎಳೆದುಕೋ, ಮುಖ ತಿರುಗಿಸು, ಮೂರು ಎಣಿಸು. ಸೊಪ್ಪಿನ ವಾಸನೆ ಅಷ್ಟರಲ್ಲಿ ಹೋಗಿರುತ್ತದೆ, ಮೀನಿನದು ಮೂಗಿನ ಹಿಂದೆ ಕೂತಿರುತ್ತದೆ. ವಾರಕ್ಕೆ ಎರಡು ದಿನ, ಶಾಲೆಯಿಂದ ಬಂದು ಚಹಾ ಕುಡಿಯುವ ಮೊದಲೇ ನನ್ನ ಪಾಠ. ಯಜಮಾನರು, "ಊರಿಂದ ಗಂಗಾಜಲ ತರ್ಸಿ ನಿನ್ನ ಮೂಗಿಗೆ ಬಿಡ್ಬೇಕಾಗುತ್ತೆ" ಎಂದು ರೇಗಿಸಿದರು. ಆರನೇ ವಾರ ಅಚಿಯೆಂಗ್ ಒಂಬತ್ತು ಲೋಟ ಸಾಲಾಗಿಟ್ಟಳು. ಒಂದರಲ್ಲಿ ಒಂದೇ ಒಂದು ಚಮಚ ಮೀನುನೀರು ಬೆರೆಸಿದ್ದಳಂತೆ, ಕಳ್ಳಿ! ಒಂಬತ್ತಕ್ಕೆ ಒಂಬತ್ತೂ ಹೇಳಿದೆ. ಅವಳು ನನ್ನನ್ನು ಎತ್ತಿಕೊಂಡೇಬಿಟ್ಟಳು. ನನ್ನ ತೂಕ ನಿನಗೆ ಗೊತ್ತು.

ಕಳೆದ ತಿಂಗಳು ಒಂದು ಶನಿವಾರ ಮಧ್ಯಾಹ್ನ ನಿಜವಾದ ಪರೀಕ್ಷೆ ನಡೆಯಿತು. ಊರಿನ ಒಂದು ಜಪಾನೀ ಹೋಟೆಲಿಗೆ ರಿಯಾಳನ್ನು ಕರೆದುಕೊಂಡು ಹೋದೆ. ಸೂಪು ತಂದಿಟ್ಟ ಹುಡುಗಿ ನಗುನಗುತ್ತಾ, "ಫುಲ್ಲಿ ವೆಜಿಟೇರಿಯನ್, ಮಾಮ್. ನೋ ಮೀಟ್, ನೋ ಚಿಕನ್" ಎಂದಳು. ರಿಯಾ ಬಟ್ಟಲು ಎತ್ತಿದಳು.

"ಇಡು ಕೆಳಗೆ. ಮೊದಲು ನಾನು" ಎಂದೆ.

ಆರಲು ಬಿಟ್ಟೆ. ಮೂಸಿದೆ. ಮುಖ ತಿರುಗಿಸಿದೆ. ಒಂದು... ಎರಡು... ಮೂರು ಎನ್ನುವಷ್ಟರಲ್ಲಿ ನಿನ್ನ ಅಡುಗೆಮನೆ ಬಂತು ಐರಿನ್. ಭಾನುವಾರದ ನಿನ್ನ ಅಡುಗೆಮನೆ, ಒಲೆಯ ಮೇಲೆ ಏನೋ, ನೀನು ಸೌಟು ಹಿಡಿದು ನನ್ನ ದುಪಟ್ಟಾ ನೋಡಿ ನಗುತ್ತಾ... ಇಪ್ಪತ್ತೆರಡು ವರ್ಷ ಬಟ್ಟೆಯಡ್ಡ ಇಟ್ಟುಕೊಂಡರೂ ಅದು ನನ್ನೊಳಗೆ ಬಂದಿತ್ತು ನೋಡು. ಅಲ್ಲೇ ಅಳಬಹುದಿತ್ತು. ಅಳಲಿಲ್ಲ. ಇದರಲ್ಲಿ ಮೀನಿದೆ ಎಂದು ಗಟ್ಟಿಯಾಗಿ ಹೇಳಿದೆ.

ಹುಡುಗಿ ಇಲ್ಲವೆಂದಳು. ನಾನು ಇದೆ ಎಂದೆ. ಬಾಣಸಿಗನೇ ಹೊರಗೆ ಬಂದ. ಜಪಾನಿನಲ್ಲಿ ಕೆಲಸ ಕಲಿತು ಬಂದ ನೈರೋಬಿಯವನು. ಮೀನಿನ ಚಕ್ಕೆ ಒಂದೇ ಹಿಡಿ ಹಾಕಿ ಸೋಸಿ ತೆಗೆದಿದ್ದೇವೆ, ಅದನ್ನೂ ಮೀನೆಂದು ಲೆಕ್ಕ ಹಿಡಿಯುತ್ತೀರೆಂದು ಗೊತ್ತಿರಲಿಲ್ಲ ಎಂದು ತಲೆ ತಗ್ಗಿಸಿದ. ಆಮೇಲೆ ಕಣ್ಣರಳಿಸಿ, ಹೇಗೆ ಕಂಡುಹಿಡಿದಿರಿ, ಎಲ್ಲಿ ಕಲಿತಿರಿ ಎಂದು ಕೇಳಿದ. ಒಬ್ಬಳು ಗುರು ಮಂಗಳೂರು, ಇನ್ನೊಬ್ಬಳು ಕಿಸುಮು ಎಂದೆ. ಬರೀ ಸೊಪ್ಪಿನ ಸಾರನ್ನು ಹೊಸದಾಗಿ ಮಾಡಿ ತಂದ. ಜಪಾನೀ ಲಿಪಿಯಲ್ಲಿ ಒಂದು ಕಾರ್ಡನ್ನೂ ಬರೆದುಕೊಟ್ಟ: ಮಾಂಸ ಬೇಡ, ಮೊಟ್ಟೆ ಬೇಡ, ಮೀನು ಬೇಡ, ಮೀನು ಕುದಿಸಿದ ನೀರೂ ಬೇಡ. ರಿಯಾ ನನ್ನನ್ನೇ ದಿಟ್ಟಿಸಿ, "ಆಂಟಿ, ಯೂ ಜಸ್ಟ್ ಡಿಡ್ ಅ ಮಮ್ಮಿ" ಎಂದಳು. ನನ್ನ ಇಡೀ ಜನ್ಮದಲ್ಲಿ ಇಷ್ಟು ದೊಡ್ಡ ಬಿರುದು ಯಾರೂ ಕೊಟ್ಟಿರಲಿಲ್ಲ.

ಈಗ ಎಲ್ಲ ಸಿದ್ಧ. ಏಪ್ರಿಲ್ ರಜಕ್ಕೆ ಹೊರಡುತ್ತೇವೆ, ದೋಹಾದಲ್ಲಿ ವಿಮಾನ ಬದಲಿಸಿ. ಬೊಂಬೆಯಾಟಕ್ಕೆ ಮುಂದಿನ ಸಾಲಿನಲ್ಲಿ ಎರಡು ಸೀಟು ಸಿಕ್ಕಿವೆ. ಒಂದು ರಾತ್ರಿ ಕೋಯಾ ಬೆಟ್ಟದ ಮಠದಲ್ಲಿ ವಾಸ, ಅಲ್ಲಿ ಸನ್ಯಾಸಿಗಳ ಊಟಕ್ಕೆ ಮೀನಿನ ಸೋಂಕೇ ಇಲ್ಲವಂತೆ, ಆವತ್ತು ನನ್ನ ಮೂಗಿಗೂ ರಜ. ಒಂದು ಆಟಕ್ಕೆ ಮೂರು ಊಟ ಎನ್ನುವ ನಮ್ಮ ಕರಾರನ್ನು ರಿಯಾ ಮುರಿಯಲು ಬಿಟ್ಟಿಲ್ಲ. ನಿನ್ನ ಕೆಂಪು ಸಾಲುಗಳ ಒಂದೊಂದು ಬೀದಿಯಲ್ಲೂ ನಾವು ಉಣ್ಣಬಹುದಾದ ಒಂದು ಬಟ್ಟಲನ್ನು ಹುಡುಕಿಟ್ಟಿದ್ದಾಳೆ, ನಿನ್ನದೇ ಕೆಂಪು ಶಾಯಿಯಲ್ಲಿ. ಪ್ರತಿ ಬಟ್ಟಲಿನ ಮೊದಲ ಚಮಚ ನನ್ನದು. ನಿನ್ನ ಮಗಳಿಗೆ ನಾನಿದ್ದೇನೆ, ಚಿಂತೆ ಮಾಡಬೇಡ.

ಒಂದು ಸಾಲನ್ನು ಮಾತ್ರ ಅವಳಿಗೂ ಮುಟ್ಟಲು ಬಿಟ್ಟಿಲ್ಲ. ಮೂರನೇ ದಿನ, ಸಂಜೆ, ಆ ಅಜ್ಜನ ಅಂಗಡಿ. ಪೆಟ್ಟಿಗೆ ಕಟ್ಟುವಾಗ ದುಪಟ್ಟಾಗಳನ್ನೆಲ್ಲ ತೆಗೆದು ಅಚಿಯೆಂಗ್‌ಗೆ ಕೊಟ್ಟೆ. ಅವಳು ಅವುಗಳಲ್ಲೊಂದನ್ನು ತನ್ನ ಕಿಟಕಿಗೆ ಪರದೆ ಮಾಡಿ ಕಟ್ಟಿದ್ದಾಳೆ. ಕಿಟಕಿ ತೆರೆದೇ ಇದೆ, ಈಗಲೂ ಒಮೆನಾ ಬೇಯುತ್ತಿದೆ, ನಾನು ಹಿತ್ತಲಲ್ಲೇ ಕೂತು ನಿನಗೆ ಬರೆಯುತ್ತಿದ್ದೇನೆ. ಆ ಅಂಗಡಿ ಎದುರು ನಿಂತು, ಎದೆತುಂಬ ಉಸಿರೆಳೆದು, ಮುಖ ತಿರುಗಿಸಿ ಮೂರು ಎಣಿಸುತ್ತೇನೆ. ಹೇಗಿತ್ತು ಅಂತ ಬಂದು ಹೇಳುತ್ತೇನೆ, ಐರಿನ್. ಮೂಗು ಮುಚ್ಚುವುದಿಲ್ಲ.

ನಿನ್ನ,
ಪದ್ಮ