ಅವಳ ಮೂಗು, ನನ್ನ ಸಹಿ

ಮಾರ್ಚ್ ೩, ಬೆಳಿಗ್ಗೆ ೬
ಫ್ಯಾಕ್ಟರಿ ಅಂಗಿ ಎಂದಿನಂತೆ ಬೇರೆ ಬಕೆಟ್ಟಿಗೆ. ಹೆಂಡತಿ ತೀರಿಹೋಗಿ ಮೂರು ವರ್ಷವಾದರೂ ಅವಳ ಕಾನೂನು ಜಾರಿಯಲ್ಲಿದೆ — ಇಂಕ್ ವಾಸನೆ ಮನೆಯವರ ಬಟ್ಟೆಗೆ ಹತ್ತಬಾರದು. ನನಗಂತೂ ಯಾವ ವಾಸನೆಯೂ ತಿಳಿಯದು. ಹಾಲಿನ ಪ್ಯಾಕೆಟ್ಟಿನ ಪ್ಲಾಸ್ಟಿಕ್ ಫಿಲ್ಮ್ ಪ್ರಿಂಟ್ ಮಾಡುವಲ್ಲಿ ಮೂವತ್ತೊಂದು ವರ್ಷ ನಿಂತು ಮೂಗು ಸತ್ತಿದೆ. ಹುದ್ದೆ ಮಾತ್ರ ಕ್ವಾಲಿಟಿ ಇನ್‌ಚಾರ್ಜ್.
ಈ ತಿಂಗಳಿಂದ ಹೊಸ ನಿಯಮ. ಆಹಾರದ ಪ್ಯಾಕೆಟ್ಟಿನ ಇಂಕಿನಲ್ಲಿ ಟಾಲ್ಯೂಯಿನ್ ಎಂಬ ದ್ರಾವಕ ಇರಕೂಡದು, ಫಿಲ್ಮಿನಿಂದ ಹಾಲಿಗೆ ಇಳಿಯುತ್ತದೆ. ಎಂಟು ಪುಟ. ಕೊನೆಯದು ಸರ್ಟಿಫಿಕೇಟ್, ಅದರಲ್ಲಿ ನನ್ನ ಸಹಿಗೆ ಜಾಗ.

ಮಾರ್ಚ್ ೫
ಹಳೇ ಇಂಕು ಆರು ಡ್ರಮ್ ಉಳಿದಿದೆ. ಅದು ಮುಗಿದ ಮೇಲೇ ಹೊಸದಂತೆ. ಸಾಹುಕಾರರು ಬೆನ್ನು ತಟ್ಟಿದರು.
“ವಾಸನೆ ಬರದಿದ್ರೆ ಆಯ್ತಲ್ರೀ. ನಿಮ್ಮ ಮೂಗಿಗಿಂತ ದೊಡ್ಡ ಮಿಷಿನ್ನು ಯಾವ ಲ್ಯಾಬಲ್ಲಿದೆ?”
ಮೈಯೆಲ್ಲ ಉರಿಯಿತು. ಅವರ ಮೇಲೋ, ನನ್ನ ಮೇಲೋ...
ಫಿಲ್ಮಿನ ತುಂಡನ್ನು ಸೀಸೆಯಲ್ಲಿ ಮುಚ್ಚಿ, ಒಂದು ಗಂಟೆ ಬಿಸಿಯಲ್ಲಿಟ್ಟು, ತೆರೆದು ಮೂಸಬೇಕು. ಇಷ್ಟೇ ಪರೀಕ್ಷೆ. ಸೀಸೆಗಳನ್ನು ಊಟದ ಚೀಲದಲ್ಲಿ ಮನೆಗೆ ತರುತ್ತಿದ್ದೆ. ಅವಳು ಒಲೆ ಮುಂದೆ ನಿಂತೇ ಮೂಸುತ್ತಿದ್ದಳು. “ಇದು ಪಾಸು. ಇದನ್ನ ನಿಮ್ಮ ಸಾಹುಕಾರ್ರಿಗೇ ಕುಡಿಸಿ.” ಅದನ್ನೇ ನಾನು ಇಂಗ್ಲಿಷಿನಲ್ಲಿ ಬರೆಯುತ್ತಿದ್ದೆ. ಯಾರಿಗೂ ಗೊತ್ತಿಲ್ಲ.
ಅವಳು ಹೋದ ಮೇಲೂ ಬರೆಯುತ್ತಲೇ ಇದ್ದೇನೆ. ನೋ ಓಡರ್, ವಾಸನೆಯಿಲ್ಲ. ನೋ ಓಡರ್. ಮೂಸಿದವರು ಯಾರೂ ಇಲ್ಲ.

ಮಾರ್ಚ್ ೧೧
ನಾಲ್ಕು ಡ್ರಮ್ ಖಾಲಿ. ಬೆಳಿಗ್ಗೆ ಮಗಳು ಮೊಮ್ಮಗಳ ಹಾಲನ್ನು ಸಿಂಕಿಗೆ ಸುರಿದಳು.
“ಅಪ್ಪಾ, ಪೇಂಟ್ ವಾಸನೆ. ಪಾಪು ಬಾಯಿಗಿಟ್ಟು ಉಗಿದುಬಿಟ್ಲು.”
ಪ್ಯಾಕೆಟ್ ತಿರುಗಿಸಿದೆ. ನಮ್ಮದೇ ಫಿಲ್ಮು. ನಾನೇ ಪಾಸು ಮಾಡಿದ ಬ್ಯಾಚು. ಮೂಸಿದೆ. ಏನೂ ಇಲ್ಲ. ಮತ್ತೆ ಮೂಸಿದೆ.
“ನಿಂಗೆ ಬರ್ತಿಲ್ವಾ?”
ಇಲ್ಲ ಎಂದೆ. ಇಷ್ಟು ವರ್ಷದಲ್ಲಿ ಮಗಳೆದುರು ಒಪ್ಪಿದ್ದು ಮೊದಲ ಸಲ. ಅವಳು ಬೈಯಲಿಲ್ಲ, ಪಾತ್ರೆ ತೊಳೆಯುತ್ತ ನಿಂತಳು. ಬೈದಿದ್ದರೆ ಚೆನ್ನಾಗಿತ್ತು.

ಮಾರ್ಚ್ ೧೨, ಮಧ್ಯಾಹ್ನ ೩
ಊಟಕ್ಕೆ ಹೋದಾಗ ಒಂಬತ್ತು ಸೀಸೆ ಒಯ್ದೆ. ಮಗಳು ಮೂಸಿದಳು. ಏಳು ಫೇಲ್.
ಸರ್ಟಿಫಿಕೇಟ್ ಮೇಜಿನ ಮೇಲಿದೆ. ‘ಟು ದಿ ಬೆಸ್ಟ್ ಆಫ್ ಮೈ ನಾಲೆಡ್ಜ್ ಅಂಡ್ ಬಿಲೀಫ್’ — ನನ್ನ ತಿಳಿವಳಿಕೆ, ನಂಬಿಕೆಯ ಮಟ್ಟಿಗೆ ಇದು ನಿಜ, ಅಂತ. ಯಾರ ನಾಲೆಡ್ಜು? ನನ್ನದು ಒಲೆ ಮುಂದೆ ನಿಂತಿತ್ತು, ಹೋಯಿತು. ಸಹಿಯ ಜಾಗದಲ್ಲಿ ಕನ್ನಡದಲ್ಲೇ ಬರೆದೆ: ಫೇಲ್. ಮೂಸಿದವಳು ನನ್ನ ಮಗಳು. ನನ್ನ ಮೂಗು ಸತ್ತು ಬಹಳ ಕಾಲವಾಯಿತು.
ಸಾಹುಕಾರರು ಎರಡು ಸಲ ಓದಿದರು. ದನಿ ಏರಿಸಲಿಲ್ಲ.
“ಮೂರು ವರ್ಷದ್ದೂ ನಿಮ್ಮ ಸಹಿನೇ ಅಲ್ವೇನ್ರೀ? ಒಬ್ರೇ ಮುಳುಗ್ತೀರಿ.”
ಮುಳುಗುತ್ತೇನೆ. ಇಷ್ಟು ದಿನ ಪಾಪುವಿಗೆ ಕುಡಿಸಿದ್ದಾಯಿತಲ್ಲ.
ಫೇಲಾದ ಫಿಲ್ಮಿನ ರೋಲುಗಳು ಲಾರಿಗೆ ಏರುತ್ತಿವೆ. ಹಾಲಿನ ಡೈರಿಗೆ ಫೋನ್ ಹಚ್ಚಿದ್ದೇನೆ. ರಿಂಗಾಗುತ್ತಿದೆ. ಯಾವ ಬ್ಯಾಚಿನಿಂದ ಮೂಸದೇ ಪಾಸು ಮಾಡಿದ್ದು ಎಂದು ಕೇಳುತ್ತಾರೆ. ಹಳೇ ರಿಜಿಸ್ಟರ್ ಬಿಚ್ಚಿಟ್ಟಿದ್ದೇನೆ — ಅವಳು ಹೋದ ಮೇಲೆ ಮೊದಲ ಸಹಿ... ಹನ್ನೊಂದನೇ ದಿನ, ಬ್ಯಾಚ್ ನಂಬರ್—