ಬಸ್ಸು ಬಾರದ ಹನ್ನೊಂದು ದಿನ

ಮಾರ್ಚ್ 3, ಬೆಳಿಗ್ಗೆ 7.40, ಬಸ್ಸಿನಲ್ಲಿ

ಹದಿನಾರು ಸೀಟು ಖಾಲಿ. ಮೊನ್ನೆ ಹದಿನೆಂಟು. ಕೊನೆಯ ಹಳ್ಳಿಯಿಂದ ಪಟ್ಟಣಕ್ಕೆ ಇಪ್ಪತ್ತಾರು ಕಿಲೋಮೀಟರ್, ಆರು ದಿನದಿಂದ ಇದೇ ಕೆಲಸ. ಹತ್ತಿದವರನ್ನು ಎಣಿಸು, ಫಾರ್ಮ್ ತುಂಬು. ಏಳನೇ ಪ್ರಶ್ನೆ — 'ಈ ಬಸ್ಸಿನಿಂದ ನಿಮಗೆ ತಿಂಗಳಿಗೆ ಎಷ್ಟು ಉಳಿತಾಯ?' ಎಲ್ಲರದ್ದೂ ಒಂದೇ ಉತ್ತರ. ಸೊನ್ನೆ.

ಇವತ್ತು ಒಬ್ಬ ಅಜ್ಜ ಗದರಿಯೇ ಬಿಟ್ಟರು. "ಉಳಿತಾಯ ಎಲ್ಲಿಂದಮ್ಮ? ಟಿಕೆಟ್‌ಗೆ ದುಡ್ಡು ಕೊಡೋದು ನಾವು."

ನ್ಯಾಯವಾದ ಮಾತು. ಸೊನ್ನೆ ಬರೆದುಕೊಂಡೆ.

ಮಾರ್ಚ್ 4, ಸಾರಿಗೆ ಆಫೀಸು

ನೂರಾ ಹನ್ನೆರಡು ಫಾರ್ಮು, ನೂರಾ ಹನ್ನೆರಡು ಸೊನ್ನೆ. ಗೆರೆ ಸಾಹೇಬರಿಗೆ ಖುಷಿ. (ನಮ್ಮ ಮೇಲಧಿಕಾರಿ. ಯಾರು ಏನು ಬರೆದುಕೊಟ್ಟರೂ ಮೇಲೆ ಕೆಂಪು ಗೆರೆ ಎಳೆಯುತ್ತಾರೆ, ಅದಕ್ಕೆ ಆ ಹೆಸರು.) "ಪ್ರಯೋಜನ ಇಲ್ಲ ಅಂತ ಜನರೇ ಹೇಳ್ತಿದಾರಲ್ಲಮ್ಮ. ದಿನಕ್ಕೆ ಎರಡು ಸಾವಿರದ ನೂರು ನಷ್ಟ. 31ಕ್ಕೆ ಬಸ್ಸು ನಿಲ್ಲಿಸೋಣ. 28ಕ್ಕೆ ಮೀಟಿಂಗು, ರಿಪೋರ್ಟ್ ಬರೆದುಬಿಡಿ."

ತಲೆಯಾಡಿಸಿ ಬಂದೆ.

ಮಾರ್ಚ್ 6, ಸಂಜೆ, ವಾಪಸ್ ಬಸ್ಸಿನಲ್ಲಿ

ಪಕ್ಕದಲ್ಲಿ ಗುಂಡಿಯಕ್ಕ. ಪಟ್ಟಣದ ಬಟ್ಟೆ ಕಾರ್ಖಾನೆಯಲ್ಲಿ ಶರ್ಟಿಗೆ ಗುಂಡಿ ಹಾಕುತ್ತಾಳೆ. ಸೂಪರ್‌ವೈಸರ್ ಮಾಡುತ್ತೇವೆ ಅಂದರಂತೆ, ಇವಳು ಬೇಡ ಅಂದಳಂತೆ. ಯಾಕೆ ಅಂದೆ.

"ಸೂಪರ್‌ವೈಸರ್‌ಗಳನ್ನ ಬಿಡೋದು ಆರೂವರೆಗೆ. ಕೊನೇ ಬಸ್ಸು ಐದೂವರೆಗೆ. ಆಮೇಲೆ ಇಪ್ಪತ್ತಾರು ಕಿಲೋಮೀಟರ್ ಹಾರಿಕೊಂಡು ಬರ್ಲಾ?"

ನಕ್ಕಳು. ನನಗೆ ನಗು ಬರಲಿಲ್ಲ. ಇರುವ ಬಸ್ಸೂ ಹೋಗುತ್ತೆ ಅಂತ ಇವಳಿಗೆ ಹೇಗೆ ಹೇಳಲಿ... ಹೇಳಲಿಲ್ಲ. ನಾನು ಹೇಡಿ.

ಮಾರ್ಚ್ 9, ಭಾನುವಾರ

ಬೆಳಗಿನಿಂದ ನಲ್ಲಿಯಲ್ಲಿ ನೀರಿಲ್ಲ. ಎದುರುಮನೆಯಿಂದ ಹನ್ನೆರಡು ಕೊಡ ಹೊತ್ತೆ, ಸೊಂಟ ಬಿದ್ದುಹೋಯಿತು. ಪಾತ್ರೆಗಳು ಸಿಂಕಿನಲ್ಲೇ. ಅತ್ತೆ ಸ್ನಾನವಿಲ್ಲದೆ ಮುಖ ಊದಿಸಿಕೊಂಡು ಕೂತಿದ್ದರು. ನೂರಾ ಹನ್ನೆರಡು ಸೊನ್ನೆಗಳ ಕಥೆ ಅವರ ಮುಂದೆ ತೋಡಿಕೊಂಡೆ.

"ನಲ್ಲಿಯಿಂದ ತಿಂಗಳಿಗೆ ಎಷ್ಟು ಉಳಿತಾಯ ಅಂತ ನಿನ್ನೆ ನನ್ನ ಕೇಳಿದ್ರೆ ನಾನೂ ಸೊನ್ನೆ ಅಂತಿದ್ದೆ," ಅಂದರು ಅತ್ತೆ. "ಇವತ್ತು ಕೇಳು, ಹೇಳ್ತೀನಿ."

ಕೊಡ ಕೈಯಲ್ಲೇ ಇತ್ತು. ಹಾಗೇ ನಿಂತುಬಿಟ್ಟೆ.

ಬಸ್ಸು ಬಾರದ ದಿನ ಬೇಕು ನನಗೆ!

ಮಾರ್ಚ್ 10, ಬೆಳಿಗ್ಗೆ

ಕಂಡಕ್ಟರಣ್ಣನನ್ನು ಹಿಡಿದೆ. ಈ ಬಸ್ಸು ಯಾವತ್ತಾದರೂ ಕೆಟ್ಟು ನಿಂತಿತ್ತಾ?

"ಯಾವತ್ತಾದರೂ ಏನು ಮೇಡಂ, ಹೋದ ಆಗಸ್ಟ್‌ನಲ್ಲಿ ಗೇರ್ ಬಾಕ್ಸ್ ಹೋಗಿ ಹನ್ನೊಂದು ದಿನ ಶೆಡ್ಡಲ್ಲೇ. ಬದಲಿ ಗಾಡಿ ಕೊಡಲಿಲ್ಲ. ಜನ ನನ್ನ ಈಗಲೂ ಬೈತಾರೆ."

ಅವರ ಹಳೇ ಡೈರಿಯಲ್ಲಿ ತಾರೀಖು ಸಮೇತ ಇದೆ. 'ಗಾಡಿ ಇಲ್ಲ' — ಹನ್ನೊಂದು ಸಲ. ಹನ್ನೊಂದೂ ತಾರೀಖು ಬರೆದುಕೊಂಡೆ.

ಮಾರ್ಚ್ 17

ಒಂದು ವಾರ ಬರೆಯಲು ಪುರುಸೊತ್ತಿಲ್ಲ. ಊರೆಲ್ಲಾ ಸುತ್ತಿ ರಿಜಿಸ್ಟರ್ ನೋಡಿದ್ದೇ ನೋಡಿದ್ದು.

ಬಟ್ಟೆ ಕಾರ್ಖಾನೆಯ ಹಾಜರಿ ಪುಸ್ತಕ: ಈ ದಾರಿಯಿಂದ ಇಪ್ಪತ್ತೊಂದು ಹೆಂಗಸರು. ಆ ಹನ್ನೊಂದು ದಿನದಲ್ಲಿ ರಜೆ ಕಳೆದು ಉಳಿದ ದಿನಗಳಲ್ಲಿ ಬಂದವರು ಸರಾಸರಿ ನಾಲ್ವರು. ಹದಿನೇಳು ಜನರ ಕೂಲಿ ಹೋಯಿತು, ದಿನಕ್ಕೆ ತಲಾ ನಾನೂರು. ಬಂದವರೂ ಬಾಡಿಗೆ ಆಟೋಗೆ ತಲಾ ನೂರಿಪ್ಪತ್ತು ಸುರಿದಿದ್ದಾರೆ. ಆಸ್ಪತ್ರೆಯಲ್ಲಿ ಇನ್ನೊಂದು ಪುಸ್ತಕ. ಆ ದಿನಗಳಲ್ಲಿ ಚುಚ್ಚುಮದ್ದು ತಪ್ಪಿಸಿಕೊಂಡ ಮಕ್ಕಳು ಹತ್ತೊಂಬತ್ತು. ಇದಕ್ಕೆ ಬೆಲೆ ಕಟ್ಟಲು ಮನಸ್ಸು ಬರಲಿಲ್ಲ. ಸಂಖ್ಯೆ ಮಾತ್ರ ಬರೆದುಕೊಂಡೆ.

ನರ್ಸಮ್ಮ ಕೇಳಿದರು, "ಇದೆಲ್ಲ ಯಾರಿಗೆ ಬೇಕು?"

"ನನಗೆ," ಅಂದೆ. ಸ್ವಲ್ಪ ಜೋರಾಗಿಯೇ.

ಮಾರ್ಚ್ 24, ಮಧ್ಯಾಹ್ನ

ಗೆರೆ ಸಾಹೇಬರಿಗೆ ಕರಡು ತೋರಿಸಿದೆ. ಪೆನ್ನಿನ ಮುಚ್ಚಳ ತೆಗೆದರು.

"ಆಗಸ್ಟು ಅಲ್ವಾ? ಜ್ವರ ಇದ್ದಿರಬಹುದು. ಕಾರ್ಖಾನೇಲೇ ಕೆಲಸ ಕಮ್ಮಿ ಇದ್ದಿರಬಹುದು. ಬಸ್ಸಿಂದಲೇ ಅಂತ ಹೇಗೆ ಹೇಳ್ತೀರಿ?"

ಕರಡು ಎತ್ತಿಕೊಂಡು ಹೊರಬಂದೆ. ಶೌಚಾಲಯಕ್ಕೆ ಹೋಗಿ ಅತ್ತುಬಿಟ್ಟೆ. ಮುಖ ತೊಳೆದುಕೊಂಡು ನೇರ ಕಾರ್ಖಾನೆಗೆ ಹೊರಟೆ.

ಮಾರ್ಚ್ 24, ಸಂಜೆ 5

ಸಿಕ್ಕಿತು. ಅದೇ ಹಾಜರಿ ಪುಸ್ತಕ, ಅದೇ ದಿನಗಳು, ಆದರೆ ಪಕ್ಕದ ರಸ್ತೆಯ ಹೆಂಗಸರು. ಅವರ ಬಸ್ಸು ಕೆಟ್ಟಿರಲಿಲ್ಲ. ಇಪ್ಪತ್ನಾಲ್ಕರಲ್ಲಿ ಇಪ್ಪತ್ಮೂರು ಜನ ಹಾಜರು, ದಿನಾ. ಜ್ವರವೂ ಇಲ್ಲ, ಕೆಲಸವೂ ಕಮ್ಮಿಯಿಲ್ಲ. ಈ ಪುಟವನ್ನು ನಾನು ವಾರದ ಹಿಂದೆಯೇ ತಿರುವಿದ್ದೆ, ನಮ್ಮ ದಾರಿಯವರಲ್ಲ ಅಂತ ಬಿಟ್ಟಿದ್ದೆ. ನನ್ನ ತಲೆಗಿಷ್ಟು.

ಮಾರ್ಚ್ 28, ಮೀಟಿಂಗ್ ಮುಗಿದು

ಮರೆಯುವ ಮುನ್ನ ಬರೆದಿಡುತ್ತೇನೆ.

ಏಳು ಜನ ದೊಡ್ಡವರು ಉದ್ದನೆಯ ಮೇಜಿನ ಸುತ್ತ. ನೂರಾ ಹನ್ನೆರಡು ಸೊನ್ನೆಗಳನ್ನು ಮೊದಲು ನಾನೇ ತೋರಿಸಿದೆ. ಪ್ರಶ್ನೆ ತಪ್ಪಿತ್ತು ಅಂದೆ. ಆಮೇಲೆ ಹನ್ನೊಂದು ದಿನ, ಆಮೇಲೆ ಪಕ್ಕದ ರಸ್ತೆ. ಬಸ್ಸು ಓಡಿದರೆ ದಿನಕ್ಕೆ ಎರಡು ಸಾವಿರದ ನೂರು ನಷ್ಟ. ಓಡದಿದ್ದರೆ ಒಂದೇ ಕಾರ್ಖಾನೆಯ ಕೂಲಿಯಲ್ಲೇ ಆರು ಸಾವಿರದ ಎಂಟುನೂರು ನಷ್ಟ. ಹತ್ತೊಂಬತ್ತು ಮಕ್ಕಳು ಲೆಕ್ಕದ ಹೊರಗೆ.

ಗೆರೆ ಸಾಹೇಬರು ಕಾಗದ ಎಳೆದುಕೊಂಡರು. ಕೆಂಪು ಪೆನ್ನು. ನಾನು ಕಣ್ಣು ಮುಚ್ಚಿದೆ.

ಗೆರೆ ಅಂಕಿಯ ಮೇಲಲ್ಲ, ಕೆಳಗೆ. ಎರಡೆರಡು ಸಲ.

"ಇದು ಸರಿ ಇದೆ," ಅಂದರು. ಆಮೇಲೆ ಮೆಲ್ಲಗೆ, "ಆ ಸೂಪರ್‌ವೈಸರ್ ಹುಡುಗಿ ವಿಷಯ ಕೊನೇ ಪುಟದಲ್ಲಿ ಬರೆದಿದ್ರಲ್ಲ. ಏಳು ಗಂಟೆಗೆ ಇನ್ನೊಂದು ಟ್ರಿಪ್ ಹಾಕಿದ್ರೆ ಏನಾಗುತ್ತೆ, ಅದನ್ನೂ ಎಣಿಸ್ತೀರಾ?"

ಎಣಿಸ್ತೀನಿ ಅಂದೆ. ಗೆದ್ದೆ! ದಾರಿಯುದ್ದಕ್ಕೂ ಒಬ್ಬಳೇ ನಗುತ್ತಾ ಬಂದೆ, ಎದುರಿಗೆ ಬಂದವರು ದಾರಿ ಬಿಟ್ಟು ನಡೆದರು. ಅತ್ತೆಗೆ ಹೇಳಿದರೆ, "ನಲ್ಲೀಗೆ ಒಂದು ಥ್ಯಾಂಕ್ಸ್ ಹೇಳು," ಅಂದರು.

ಮೇ 2, ಸಂಜೆ 7, ಹೊಸ ಟ್ರಿಪ್, ಮೊದಲ ದಿನ

ನಿಲ್ದಾಣದಿಂದ ಇನ್ನೂ ಹೊರಟಿಲ್ಲ. ಕಂಡಕ್ಟರಣ್ಣ ಇಸ್ತ್ರಿ ಹಾಕಿದ ಅಂಗಿಯಲ್ಲಿ ಬಂದಿದ್ದಾರೆ. ನಲವತ್ತೊಂದು. ನಲವತ್ತೈದು. ತರಕಾರಿ ಮಾರುವವರು ನಾಲ್ವರು, ಖಾಲಿ ಬುಟ್ಟಿಗಳ ಜೊತೆ. ಐವತ್ತೊಂದು. ನನ್ನನ್ನೂ ಸೇರಿಸಿ ಐವತ್ತೆರಡು, ಸೀಟೆಲ್ಲ ಭರ್ತಿ. ಖಾಲಿ ಸೀಟಿನ ಕಾಲಂನಲ್ಲಿ ಸೊನ್ನೆ ಬರೆದೆ. ನನ್ನ ಜೀವಮಾನದ ಅತಿ ಚೆಂದದ ಸೊನ್ನೆ.

ಕೊನೆಗೆ ಓಡೋಡಿ ಹತ್ತಿದಳು ಗುಂಡಿಯಕ್ಕ. ಕೊರಳಲ್ಲಿ ಹೊಸ ಗುರುತಿನ ಚೀಟಿ. ಸೂಪರ್‌ವೈಸರ್. ಇಡೀ ದಿನ ನಿಂತೇ ಇದ್ದಳಂತೆ, ಸುತ್ತ ನೋಡಿದಳು, ಎಲ್ಲೂ ಜಾಗವಿಲ್ಲ.

"ಇಲ್ಲಿ ಬಾ, ಕೂತ್ಕೋ," ಅಂದೆ. ಎದ್ದು ನಿಂತೆ. ಬಸ್ಸು ಹೊರಟಿತು. ಒಂದು ಕೈಯಲ್ಲಿ ಕಂಬಿ, ಇನ್ನೊಂದರಲ್ಲಿ ಪೆನ್ನು, ಇನ್ನು ಬರೆಯೋಕೆ ಆಗ...