ಬೇರಿನ ಬಳಿ ಇಟ್ಟ ಹೆಸರು

ಜನವರಿ ೧೨, ಭಾನುವಾರ

ಅಮ್ಮ ಊಟ ಬೇಡವೆಂದು ಮಲಗಿಬಿಟ್ಟಳು. ಅಳುತ್ತಿದ್ದಾಳೋ, ನಿದ್ದೆಯೋ ತಿಳಿಯದು.

ನೆಲಬಾಂಬುಗಳನ್ನೆಲ್ಲ ತೆಗೆದಾಯಿತೆಂದು ಗೊತ್ತಾದ ಮೇಲೆಯೇ ಕಾಡಿನ ಆ ಪಾಳುಗುಡಿಗೆ ಅವಳನ್ನು ಬೈಕಿನಲ್ಲಿ ಕರೆದೊಯ್ದೆ. ಪೋಲ್ ಪಾಟ್ ಆಳ್ವಿಕೆಯಲ್ಲಿ ಅವನ ಸೈನಿಕರಿಂದ ತಪ್ಪಿಸಿಕೊಂಡು ಓಡುವಾಗ ಅವಳು ಅಲ್ಲೇ ಹೆತ್ತಿದ್ದಳು. ಕೂಸು ಮೂರು ದಿನ ಬದುಕಿತ್ತು. ಬಾಗಿಲ ಪಕ್ಕ ಹೂತಿದ್ದಳು.

ಇವತ್ತು ಆ ಬಾಗಿಲೇ ಸಿಗಲಿಲ್ಲ. ಗೋಡೆ ಕುಸಿದು, ಕಲ್ಲುಗಳ ಮೇಲೆಲ್ಲ ಮರದ ಬೇರು ಹರಡಿದೆ. ಬಳ್ಳಿ ಸರಿಸಿ ಸರಿಸಿ ಸೋತು, ಕೊನೆಗೆ ಒಂದು ಬೇರಿನ ಬಳಿ ಕೂತಳು. ಬಾಳೆಲೆಯ ಕಡುಬು ಇಟ್ಟು ಊದುಬತ್ತಿ ಹಚ್ಚಿದಳು. ಕೂಸನ್ನು ತಿನ್ನಲು ಕರೆಯಬೇಕೆಂದು ಬಾಯಿ ತೆರೆದವಳು ನನ್ನ ಮುಖ ನೋಡಿದಳು.

"ಏನಂತ ಕರೀಲೇ? ಹೆಸರೇ ಇಟ್ಟಿರ್ಲಿಲ್ಲ."

"ಈಗ ಇಡಮ್ಮ."

ತುಂಬ ಹೊತ್ತು ಬೇರನ್ನು ಸವರುತ್ತಿದ್ದಳು. ಆಮೇಲೆ ಮಲ್ಲಿಗೆಯ ಹೆಸರಿಟ್ಟಳು. "ಮಾಲಿಸ್, ಬಾ ಮಗಳೇ, ತಿನ್ನು ಬಾ."

ನನ್ನತ್ತ ತಿರುಗಿ, "ಮನೆಗೆ ನಾನೇ ದೊಡ್ಡೋಳು ಅಂತ ಇಷ್ಟು ವರ್ಷ ಮೆರೆದ್ಯಲ್ಲ, ಏನ್ ನೋಡ್ತಾ ನಿಂತಿದ್ದೀಯ? ಅಕ್ಕಂಗೆ ಕೈಮುಗಿ" ಎಂದು ಗದರಿದಳು.

ಕೈಮುಗಿದು "ಅಕ್ಕಾ" ಎಂದೆ. ನಲವತ್ತು ದಾಟಿದ ನಾನು ಮೂರು ದಿನದ ಕೂಸಿಗೆ ತಂಗಿಯಾದೆ. ದಾರಿಯುದ್ದಕ್ಕೂ ಮನಸ್ಸಿನಲ್ಲೇ ಅವಳನ್ನು ಕರೆಯುತ್ತಾ ಬಂದೆ. ಅವಳಿದ್ದಿದ್ದರೆ ನನ್ನನ್ನು ಏನೆಂದು ಕರೆಯುತ್ತಿದ್ದಳೋ.